ಹಾಲುಣಿಸಬಾರದ ಮಕ್ಕಳ ಆಸ್ಪತ್ರೆಯ ಆಡಳಿತಾಧಿಕಾರಿಗಳಿಗೆ

ಮಾನ್ಯ ಆಡಳಿತಾಧಿಕಾರಿಗಳೇ,

ನಿಮ್ಮ ಮಕ್ಕಳ ಆಸ್ಪತ್ರೆಯ ಕಾರಿಡಾರಿಗೆ ಹೊಸ ಬೋರ್ಡು ಬಂದಿದೆ. ಡಾಕ್ಟರ ಕೋಣೆಯೊಳಗೆ ಮಗುವಿಗೆ ಹಾಲುಣಿಸಬಾರದು ಎಂಬ ಹಳೆಯ ಬೋರ್ಡು ಮೊದಲೇ ಇತ್ತು. ಈಗ ಕಾರಿಡಾರಿನಲ್ಲೂ ಉಣಿಸುವಂತಿಲ್ಲ. ಈ ಎರಡನೆಯ ಬೋರ್ಡಿಗೆ ಕಾರಣ ನನ್ನ ಮಗ. ಅವನು ನಿಮ್ಮ ಕಾರಿಡಾರಿನ ಬೆಂಚಿನಲ್ಲಿ, ನನ್ನ ತೊಡೆಯ ಮೇಲೆ, ಹಾಲು ಕುಡಿಯುತ್ತಾ ಕುಡಿಯುತ್ತಾ ಉಸಿರು ಕಟ್ಟಿ ನೀಲಿಗಟ್ಟಿದ. ಅದಕ್ಕೆ ನಿಮ್ಮ ಕಚೇರಿ ಕಂಡುಹಿಡಿದ ಮದ್ದು ಒಂದು ಹಲಗೆ ಮತ್ತು ನಾಲ್ಕು ಮೊಳೆ. ನೆಗಡಿಯಾಯಿತೆಂದು ಮೂಗು ಕೊಯ್ದುಕೊಂಡವರ ಸುದ್ದಿ ಕೇಳಿದ್ದೆ. ಹಾಗೆ ಕೊಯ್ಯುವುದನ್ನು ನಿಯಮ ಮಾಡಿ ಗೋಡೆಗೆ ಹೊಡೆದದ್ದನ್ನು ಈಗಷ್ಟೇ ನೋಡಿದೆ.

ನನಗೆ ಬೋರ್ಡುಗಳ ಮೇಲೆ ಹುಟ್ಟುದ್ವೇಷವಿಲ್ಲ. ನಾನು ಬಸ್ ನಿಲ್ದಾಣದಲ್ಲಿ ಮೈಕಿನ ಮುಂದೆ ಕುಳಿತು ಪ್ರಕಟಣೆ ಓದುವವಳು. ಇನ್ನೊಬ್ಬರು ಬರೆದುಕೊಟ್ಟ ಸೂಚನೆಗಳೇ ನನ್ನ ಅನ್ನ. ಎಲ್ಲಿ ಉಗುಳಬಾರದು, ಎಲ್ಲಿ ನಿಲ್ಲಬಾರದು, ಯಾವ ಬಸ್ಸು ಇವತ್ತು ಬರುವುದಿಲ್ಲ ಎಂದು ಬೆಳಗಿನಿಂದ ಹೇಳುತ್ತಲೇ ಇರುತ್ತೇನೆ, ಯಾರೂ ಕೇಳದಿದ್ದರೂ ಬೇಸರಪಡುವುದಿಲ್ಲ. ಆದರೆ ನನ್ನ ಸೂಚನೆಯಿಂದ ಎಡವಟ್ಟಾದರೆ ಒಂದು ಬಸ್ಸು ತಪ್ಪುತ್ತದೆ, ಹಿಂದೆಯೇ ಇನ್ನೊಂದು ಬರುತ್ತದೆ. ನಿಮ್ಮ ಸೂಚನೆಯಿಂದ ತಪ್ಪಿದ್ದು ನನ್ನ ಮಗನ ಉಸಿರು.

ಅವನ ಕಾಯಿಲೆ ವಿಚಿತ್ರವಾಗಿತ್ತು. ಅಳುವಾಗ ಗಟ್ಟಿಯಾಗಿಯೇ ಅಳುತ್ತಿದ್ದ, ಮಲಗಿದರೆ ನೆಮ್ಮದಿಯಾಗಿ ಮಲಗುತ್ತಿದ್ದ. ಹಾಲಿಗೆ ಬಾಯಿ ಹಾಕಿದಾಗ ಮಾತ್ರ, ನಾಲ್ಕು ಗುಟುಕು ಇಳಿಯುವಷ್ಟರಲ್ಲಿ ಗಂಟಲಲ್ಲಿ ಗೊರಗೊರ, ಎದೆಯಲ್ಲಿ ಸುಯ್ ಎಂಬ ಸದ್ದು, ಆಮೇಲೆ ಕೆಮ್ಮು. ಪಕ್ಕೆ ಒಳಕ್ಕೆ ಸೆಳೆದುಕೊಳ್ಳುತ್ತಿತ್ತು, ಹಣೆ ಬೆವರುತ್ತಿತ್ತು. ಎದೆ ಬಿಟ್ಟು ನನ್ನ ಮುಖವನ್ನೇ ನೋಡುತ್ತಿದ್ದ, ನಂಬಿದವರು ಮೋಸ ಮಾಡಿದಾಗ ನೋಡುವ ಹಾಗೆ. ಹಸಿವು ತಡೆಯದೆ ಮತ್ತೆ ಬಾಯಿ ಹಾಕುತ್ತಿದ್ದ, ಮತ್ತೆ ಅದೇ. ನನ್ನ ಅತ್ತೆ ಮೊದಮೊದಲು ನಕ್ಕರು. “ಏನೋ ಮುದುಕಪ್ಪ, ಎಷ್ಟು ವರ್ಷದಿಂದ ಬೀಡಿ ಸೇದ್ತಾ ಇದ್ದೀಯ?” ಎಂದು ಅವನ ಗಲ್ಲ ಹಿಂಡುತ್ತಿದ್ದರು. ಮನೆಯಲ್ಲಿ ಅವನಿಗೆ ಅದೇ ಹೆಸರು ನಿಂತಿತು. ಆದರೆ ಮುದುಕಪ್ಪ ಮೈ ತುಂಬಿಕೊಳ್ಳಲಿಲ್ಲ. ತೊಡೆಯ ಚರ್ಮ ಜೋಲತೊಡಗಿತು. ಒಂದು ದಿನ ಅತ್ತೆ ಅವನಿಗೆ ಎಣ್ಣೆ ಸವರುತ್ತಿದ್ದವರು ಕೈ ನಿಲ್ಲಿಸಿ, ಇದು ನಗುವ ವಿಷಯವಲ್ಲ, ಆಸ್ಪತ್ರೆಗೆ ಹೊರಡು ಎಂದರು.

ನಿಮ್ಮ ಆಸ್ಪತ್ರೆಯ ತರುಣ ವೈದ್ಯರ ಮೇಲೆ ನನಗೆ ದೂರಿಲ್ಲ. ಸಹನೆಯ ಮನುಷ್ಯ, ಸ್ಟೆತಾಸ್ಕೋಪಿನ ಬಿಲ್ಲೆಯನ್ನು ಅಂಗೈಯಲ್ಲಿ ಬೆಚ್ಚಗೆ ಮಾಡಿಕೊಂಡೇ ಮಗುವಿನ ಎದೆಗಿಡುತ್ತಿದ್ದರು. ಎದೆಯೊಳಗೆ ಏನೂ ಕೇಳಿಸಲಿಲ್ಲ. ಕೇಳಿಸುವುದಾದರೂ ಹೇಗೆ? ಮಗು ಹಾಲು ಕುಡಿಯುತ್ತಿರಲಿಲ್ಲ. ನನ್ನ ಗಂಡ ಕನ್ನಡಕದ ಅಂಗಡಿಯಲ್ಲಿ ಗಾಜು ಕೂರಿಸುವವರು, ಅಂಥ ಹೊತ್ತಿನಲ್ಲೂ ತಮಾಷೆ ಬಿಡದವರು. ನಮ್ಮ ಸ್ಕೂಟರೂ ಹೀಗೇ ಡಾಕ್ಟ್ರೇ, ಮೆಕ್ಯಾನಿಕ್ಕನ್ನು ಕಂಡರೆ ಸದ್ದು ನಿಲ್ಲಿಸುತ್ತದೆ ಎಂದರು. ಡಾಕ್ಟರು ನಕ್ಕು, ಸರಿ, ಈಗಲೇ ಸ್ವಲ್ಪ ಕುಡಿಸಿ, ನೋಡೋಣ ಎಂದರು. ನಾನು ಶಾಲು ಹೊದ್ದುಕೊಂಡು ಮಗುವನ್ನು ಎದೆಗೆ ತೆಗೆದುಕೊಂಡೆ. ಬಾಗಿಲಲ್ಲಿದ್ದ ನರ್ಸಮ್ಮ ಗಾಬರಿಯಿಂದ ಒಳಗೆ ಬಂದರು.

“ಸಾರ್, ಇಲ್ಲಿ ಕುಡಿಸೋ ಹಾಗಿಲ್ಲ. ಹೋದ ತಿಂಗಳು ಇದಕ್ಕೇ ಅಲ್ವಾ ನಿಮಗೆ ಮೆಮೊ ಬಂದಿದ್ದು?”

ಡಾಕ್ಟರು ಗೋಡೆಯ ಬೋರ್ಡನ್ನು ನೋಡಿದರು. ಆಮೇಲೆ ನನ್ನ ಮುಖ ನೋಡಲಿಲ್ಲ. ಹೊರಗೆ ಕುಡಿಸಿಕೊಂಡು ಬನ್ನಿ ಅಮ್ಮ ಎಂದು ಮೇಜಿನ ಕಡೆ ತಿರುಗಿದರು. ಹೊರಗೆ ಕುಡಿಸಿದೆ. ಬೆಂಚಿನ ಮೇಲೆ ಗೊರಗೊರ ಶುರುವಾಗುತ್ತಲೇ ಮಗುವನ್ನು ಹಾಗೇ ಅವಚಿಕೊಂಡು ಬಾಗಿಲಿಗೆ ಓಡಿದೆ. ಒಳಗೆ ಬೇರೆ ಮಗು ಇದೆ, ನಿಮ್ಮ ಸರದಿ ಮುಗಿಯಿತು, ಕೊನೆಗೆ ಬನ್ನಿ ಎಂದು ನರ್ಸಮ್ಮ ತಡೆದರು. ಕೊನೆಯ ಸರದಿ ಬರುವಷ್ಟರಲ್ಲಿ ಮುದುಕಪ್ಪ ದಣಿದು ನಿದ್ದೆ ಹೋಗಿದ್ದ, ಎದೆ ಹತ್ತಿಯಷ್ಟು ಹಗುರವಾಗಿ ಏರಿಳಿಯುತ್ತಿತ್ತು. ಮೂಗು ಕಟ್ಟಿರಬೇಕೆಂದು ಡಾಕ್ಟರು ಹನಿ ಬರೆದುಕೊಟ್ಟರು. ಫೋನಿನಲ್ಲಿ ವಿಡಿಯೋ ಮಾಡಬಾರದಿತ್ತೇ ಎಂದು ನೀವು ಕೇಳಬಹುದು. ಮಾಡಿದ್ದೆವು. ಆದರೆ ಒಳಗೆ ಹೋಗುವವರ ಫೋನನ್ನು ಬಾಗಿಲಲ್ಲೇ ಕಸಿದು ಬುಟ್ಟಿಗೆ ಹಾಕಬೇಕೆಂದು ಇನ್ನೊಂದು ಬೋರ್ಡಿದೆಯಲ್ಲ, ಅದೂ ತಮ್ಮದೇ.

ಹಾಲಿನ ಈ ನಿಯಮ ಯಾಕೆ ಎಂದು ನಿಮ್ಮ ಕಚೇರಿಗೇ ಹೋಗಿ ಕೇಳಿದೆ. ನಿಮ್ಮ ಗುಮಾಸ್ತರು ಸಭ್ಯತೆ ಎಂದರು. ಆಮೇಲೆ ಸಮಯದ ಅಭಾವ ಎಂದರು. ನಾನು ಕದಲದೆ ನಿಂತಾಗ ನಿಜ ಹೊರಬಿತ್ತು: ಹಾಲು ಚೆಲ್ಲಿದರೆ ಇರುವೆ ಬರುತ್ತವಂತೆ. ಸ್ವಾಮಿ, ಮಕ್ಕಳಿರುವ ಕಡೆ ಹಾಲಿರುತ್ತದೆ ಎಂಬುದು ನಿಮ್ಮ ಆಸ್ಪತ್ರೆಯಲ್ಲಿ ಇರುವೆಗಳಿಗೆ ಮಾತ್ರ ಗೊತ್ತಿರುವ ಹಾಗಿದೆ. ಎದೆಹಾಲು ಕುಡಿಯುವ ಕೂಸಿಗೆ ಹಗಲೆಲ್ಲ ಇರುವ ಕೆಲಸ ಅದೊಂದೇ. ಅದು ಬೇರೇನು ಮಾಡುವುದನ್ನು ನೋಡಿ ಕಾಯಿಲೆ ಕಂಡುಹಿಡಿಯಬೇಕೆಂದು ನಿಮ್ಮ ಅಪೇಕ್ಷೆ? ಕುಂಟುವವನನ್ನು ಕುರ್ಚಿಯಲ್ಲಿ ಕೂರಿಸಿ, ಕಾಲು ನೆಟ್ಟಗಿದೆ ಮನೆಗೆ ಹೋಗು ಎನ್ನುತ್ತೀರಾ?

ಮುಂದಿನ ಸಲ ಬಂದಾಗ ಬೆಂಚಿನ ಮೇಲೆ ಆಗಬಾರದ್ದು ಆಯಿತು. ಕೆಮ್ಮು ಬಂತು, ಆಮೇಲೆ ಕೆಮ್ಮೂ ನಿಂತಿತು. ತುಟಿ ನೀಲಿಯಾಯಿತು, ಕೈ ಜೋತುಬಿತ್ತು. ನಾನು ಕೂಗಿದೆ. ಇಡೀ ಬಸ್ ನಿಲ್ದಾಣ ತುಂಬುವ ದನಿ ನನ್ನದು, ಆವತ್ತು ಅದಕ್ಕೆ ಮೈಕು ಬೇಕಾಗಲಿಲ್ಲ. ಡಾಕ್ಟರು ಓಡಿಬಂದು ನೆಲದ ಮೇಲೇ ಮಂಡಿಯೂರಿದರು, ಮಗುವನ್ನು ಮುಂಗೈ ಮೇಲೆ ಬೋರಲು ಹಾಕಿ ಬೆನ್ನು ತಟ್ಟಿದರು, ಒಳಗೆ ಹೊತ್ತೊಯ್ದು ಆಮ್ಲಜನಕ ಹಿಡಿದರು. ಅವನು ಮತ್ತೆ ಅತ್ತ. ಡಾಕ್ಟರು ಬೆವರು ಒರೆಸಿಕೊಳ್ಳುತ್ತಾ ಕೇಳಿದರು.

“ಅಮ್ಮ, ಹಾಲು ಕುಡಿಯುವಾಗಲೇ ಹೀಗಾಗೋದಾ?”

ಬಂದಾಗಲೆಲ್ಲ ನಾನು ಹೇಳಿದ್ದು ಅದೊಂದೇ ಮಾತು. ಹೇಳಿದ್ದು ಕಿವಿಗೆ ಬಿದ್ದಿತ್ತು. ಕಣ್ಣಿಗೆ ಬೀಳಲು ಅವನು ನೀಲಿಯಾಗಬೇಕಾಯಿತು.

ಅಲ್ಲಿಂದ ದೊಡ್ಡ ಆಸ್ಪತ್ರೆಗೆ ಕಳಿಸಿದರು. ಅನ್ನನಾಳಕ್ಕೂ ಶ್ವಾಸನಾಳಕ್ಕೂ ನಡುವೆ ಹುಟ್ಟಿನಿಂದಲೇ ಒಂದು ಸಣ್ಣ ತೂತು. ಕುಡಿದ ಹಾಲಿನಲ್ಲಿ ಸ್ವಲ್ಪ ಪ್ರತಿ ಸಲವೂ ಶ್ವಾಸಕೋಶಕ್ಕೆ ಸೋರುತ್ತಿತ್ತು. ಆಪರೇಷನ್ ಆಯಿತು, ತೂತು ಮುಚ್ಚಿತು, ಮಗು ಉಳಿಯಿತು. ಶ್ವಾಸಕೋಶ ಮಾತ್ರ ನೊಂದಿದೆ. ಬೆಳೆಯುತ್ತಾ ಸರಿಹೋಗಬಹುದು, ಹೋಗದೆಯೂ ಇರಬಹುದು ಎನ್ನುತ್ತಾರೆ. ಈಗಲೂ ಮುಖಕ್ಕೆ ಮಾಸ್ಕ್ ಕಟ್ಟಿ ಔಷಧಿಯ ಹೊಗೆ ಕೊಡುತ್ತೇವೆ. ಅತ್ತೆ ಅವನನ್ನು ಮುದುಕಪ್ಪ ಎಂದು ಕರೆಯುವುದನ್ನು ಬಿಟ್ಟಿದ್ದಾರೆ. ನನ್ನ ಸಂಕಟ ಬೇರೆ. ನಿಮ್ಮವರು ಕೊಟ್ಟ ಮೂಗಿನ ಹನಿಯನ್ನು ನಂಬಿ, ಅವನು ಬೇಡ ಬೇಡವೆಂದು ತಲೆ ತಿರುಗಿಸಿದರೂ ಹಿಡಿದು, ಪುಸಲಾಯಿಸಿ ಉಣಿಸಿದವಳು ನಾನು. ನನ್ನ ಹಾಲೇ ಅವನ ಉಸಿರು ಕಟ್ಟಿಸುತ್ತಿತ್ತು. ಇದನ್ನು ಹೊತ್ತುಕೊಂಡು ನಾನು ಬದುಕಬೇಕು. ನೀವು ಬೋರ್ಡು ಬರೆಸಿ ಕೈ ತೊಳೆದುಕೊಂಡಿರಿ.

ಆ ತರುಣ ವೈದ್ಯರು ಕಳೆದ ವಾರ ಮಗುವನ್ನು ಪರೀಕ್ಷೆ ಮಾಡಿದ ಮೇಲೆ ತಗ್ಗಿದ ದನಿಯಲ್ಲಿ, “ಅವತ್ತೇ ನಾನು ಆ ಬೋರ್ಡಿಗೆ ಬೆನ್ನು ಹಾಕಿ ಕೂತಿದ್ರೆ ಆಗ್ತಿತ್ತು ಅಮ್ಮ” ಎಂದರು. ಅಷ್ಟಾದರೂ ಹೇಳಿದರು. ಹೊರಗೆ ಬಂದರೆ ನಿಮ್ಮ ಹೊಸ ಬೋರ್ಡಿನ ಕೆಳಗೆ ಕಾವಲುಗಾರ ಹುಡುಗಿಯಂಥ ಒಬ್ಬ ತಾಯಿಯನ್ನು ಎಬ್ಬಿಸುತ್ತಿದ್ದ. ಕೂಸು ಹಸಿದು ಕಿರುಚುತ್ತಿತ್ತು. ಸೈಕಲ್ ಸ್ಟ್ಯಾಂಡಿನ ಹಿಂದೆ ಹೋಗು ಎಂದ. ನಾನೂ ಅವಳ ಜೊತೆ ಹೋದೆ. ಅವಳು ಗೋಡೆಗೊರಗಿ ಕುಳಿತು ಉಣಿಸಿದಳು. ನಾಲ್ಕು ಗುಟುಕಿಗೆ ಆ ಸದ್ದು ಬಂತು. ನಾನು ಡಾಕ್ಟರಲ್ಲ, ಅದು ಬರೀ ಶೀತವೇ ಇರಬಹುದು, ಇರಲಿ ಎಂದೇ ಬೇಡಿಕೊಳ್ಳುತ್ತೇನೆ. ಅವಳು ನನ್ನ ಕಡೆ ತಿರುಗಿ ಕೇಳಿದಳು.

“ಅಕ್ಕಾ, ಒಳಗೆ ಹೋದ್ರೆ ಇವಳು ಹೀಗೆ ಮಾಡೋದೇ ಇಲ್ಲ. ಅವರಿಗೆ ಹೇಗೆ ತೋರಿಸ್ಲಿ?”

ಅವಳ ಕೈ ಹಿಡಿದು ಒಳಗೆ ಎಳೆದುಕೊಂಡು ಹೋದೆ. ಡಾಕ್ಟರ ಸಮಯ ಮುಗಿದು ಕೋಣೆಗೆ ಬೀಗ ಬಿದ್ದಿತ್ತು.

ಆದ್ದರಿಂದ ನನ್ನ ಬೇಡಿಕೆ ಇಷ್ಟೇ. ಹಾಲುಣಿಸಬಾರದೆಂಬ ಎರಡೂ ಬೋರ್ಡುಗಳನ್ನು ಕೀಳಿಸಿ. ಡಾಕ್ಟರ ಕೋಣೆಯೊಳಗೆ ಒಂದು ಕುರ್ಚಿ ಹಾಕಿಸಿ, ನಿಮ್ಮ ಸಭ್ಯತೆಗೆ ನೋವಾದರೆ ಒಂದು ಪರದೆ ಕಟ್ಟಿಸಿ. ಹಾಲು ಕುಡಿಯುವಾಗ ಉಸಿರಿನ ತೊಂದರೆ ಎಂದು ಬಂದ ಕೂಸು ಹಾಲು ಕುಡಿಯುವುದನ್ನು ಡಾಕ್ಟರು ನೋಡಿಯೇ ಕಳಿಸಲಿ. ಇರುವೆ ಪುಡಿಯನ್ನು ನಾನೇ ತಂದುಕೊಡುತ್ತೇನೆ. ಇದಕ್ಕೆ ಸಮಿತಿ, ಸಭೆ ಎಲ್ಲ ಬೇಕೆಂದಾದರೆ, ಅದಕ್ಕೆ ಮೊದಲು ಒಮ್ಮೆ ಮೇಲಿನ ಮಹಡಿಯಿಂದ ಇಳಿದು ಸೈಕಲ್ ಸ್ಟ್ಯಾಂಡಿನ ಹಿಂದೆ ಹೋಗಿ ನಿಲ್ಲಿ. ಆ ಹುಡುಗಿ ಮತ್ತೆ ಬಂದಿರುತ್ತಾಳೆ. ಅವಳ ಮಗು ಹಾಲು ಕುಡಿದು ಮುಗಿಸುವವರೆಗೆ ಕಿವಿಗೊಟ್ಟು ಕೇಳಿ. ನಿಮ್ಮ ಆಸ್ಪತ್ರೆಯಲ್ಲಿ ಅದನ್ನು ಇನ್ನೂ ಯಾರೂ ಕೇಳಿಲ್ಲ.

ಇಂತಿ,
ಹೇಳಿದ್ದನ್ನೇ ಮತ್ತೆ ಮತ್ತೆ ಹೇಳುವುದು ಕಸುಬಾದ್ದರಿಂದ ಇನ್ನೂ ದಣಿಯದ,
ಮುದುಕಪ್ಪನ ತಾಯಿ