ಗಿರಿಯಮ್ಮಜ್ಜಿಯ ಎಡೆಗೆ ಹಸಿರು ಬಳೆ

6-9-98, ಭಾನುವಾರ, ಮರಳೂರು

ಇಡ್ಲಿಗೆ ರುಬ್ಬಲು ಹಾಕಿದ್ದೆ, ಕರೆಂಟ್ ಹೋಯಿತು. ಅಷ್ಟರಲ್ಲಿ ಗೇಟಿನ ಸದ್ದು. ಪ್ಯಾಂಟು ತೊಟ್ಟ ಹೆಂಗಸು, ನನಗಿಂತ ಚಿಕ್ಕವಳು. ಹೆಸರು ವನಜಾ, ಊರು ಮಲೇಷಿಯಾ. ಗುಬ್ಬಿಯಲ್ಲಿ ಬೀರಯ್ಯನ ಮನೆ ಕೇಳಿದಳಂತೆ. ಪುಟ್ಟರಂಗಯ್ಯ ಮಾವ ಒಳಗೂ ಕರೆಯದೆ, "ಮರಳೂರಲ್ಲಿ ಮಗಳವ್ಳೆ, ಅಲ್ಲೋಗಮ್ಮ" ಎಂದು ಸಾಗಹಾಕಿದ್ದಾರೆ.

ಬೀರಯ್ಯ ಅಂದರೆ ನನ್ನ ತಾತ, ಅಮ್ಮನ ಅಪ್ಪ. ಅಮ್ಮ ಕೂಸಾಗಿದ್ದಾಗ ಮಲಯಾದ ರಬ್ಬರ್ ತೋಟಕ್ಕೆ ಹೋದವರು. ಯುದ್ಧದಲ್ಲಿ ಸತ್ತರು ಅಂತ ಕೇಳಿಯೇ ಬೆಳೆದೆ. ಇವಳೂ ಅವರ ಮೊಮ್ಮಗಳಂತೆ. ತಾತ ಸತ್ತಿದ್ದು ಎಂಬತ್ತೆರಡನೇ ಇಸವಿಯಲ್ಲಂತೆ…

ಅಮ್ಮ ರೂಮಿಗೆ ಹೋಗಿ ಬೋಲ್ಟ್ ಹಾಕಿಕೊಂಡಳು.

8-9-98

ಸ್ಕೂಲು ಮುಗಿಸಿ ವನಜಾ ಇಳಿದುಕೊಂಡಿರುವ ಲಾಡ್ಜಿಗೆ ಹೋದೆ. ಇಂಗ್ಲಿಷು, ತಮಿಳು, ನಡುನಡುವೆ ತಾತನಿಂದ ಕಲಿತ ಕನ್ನಡ. ಮಲೇಷಿಯಾದಲ್ಲಿ ಎಲ್ಲರ ಕಣ್ಣಿಗೂ ಇವರು ತಮಿಳರೇ. "ತಾತ ಒಪ್ತಿರ್ಲಿಲ್ಲ. ನಾವು ಗುಬ್ಬಿಯೋರು ಅಂತ ಜಗಳಕ್ಕೇ ಹೋಗೋರು" ಅಂದಳು. ಮಹಾಲಯ ಅಮಾವಾಸ್ಯೆಯ ಎಡೆಗೆ ಮುದ್ದೆಯೇ ಆಗಬೇಕು. ರಾಗಿ ಸಿಗದೆ ಮರಗೆಣಸಿನ ಹಿಟ್ಟಿನಲ್ಲಿ ಮುದ್ದೆ ಕಟ್ಟಿಸುತ್ತಿದ್ದರಂತೆ.

ವಾಪಸ್ ಯಾಕೆ ಬರಲಿಲ್ಲ? ಕೇಳಿಯೇಬಿಟ್ಟೆ. ಯುದ್ಧದಲ್ಲಿ ಜಪಾನಿನವರು ತಾತನನ್ನು ಸಯಾಮಿಗೆ, ಅಂದರೆ ಈಗಿನ ಥಾಯ್ಲೆಂಡಿಗೆ, ರೈಲು ಹಳಿ ಹಾಕುವ ಕೆಲಸಕ್ಕೆ ಎಳೆದೊಯ್ದರು. ಬದುಕಿಕೊಂಡರು. ಅಷ್ಟರಲ್ಲಿ ಇಲ್ಲಿ ದರ್ಭೆಯ ಗೊಂಬೆ ಸುಟ್ಟು ತಿಥಿ ಮುಗಿಸಿದ್ದರು. ಕುಣಿಗಲ್ಲಿನವನೊಬ್ಬ ಆ ಸುದ್ದಿ ಮುಟ್ಟಿಸಿದ. ತಿಥಿ ಆದವನು ಹೊಸ್ತಿಲು ದಾಟಿದರೆ ಮನೆಗೆ ಕೇಡು ಎಂದು ಹೆದರಿ ಅಲ್ಲೇ ಉಳಿದರು, ಅಲ್ಲೇ ಇನ್ನೊಂದು ಮದುವೆಯಾದರು.

ಅಮ್ಮನಿಗೆ ಹೇಳಿದೆ. "ಹೆದರಿದ್ನಂತಾ? ಕೆರೆ ಕಲ್ಲ ಮೇಲೆ ಅವ್ವನ ಬಳೆ ಒಡೆದಾಗ ಪಕ್ಕದಲ್ಲೇ ನಿಂತಿದ್ದೆ ಕಣೇ ನಾನು." ಊಟ ಬಿಟ್ಟಳು.

11-9-98

ಪಾಠ ಮಾಡುವಾಗ ಹೊಳೆಯಿತು. ಗಿರಿಯಮ್ಮಜ್ಜಿ, ಅಮ್ಮನ ಅವ್ವ, ಹೋಗಿದ್ದು ಎಪ್ಪತ್ತೈದರಲ್ಲಿ. ತಾತ ಎಂಬತ್ತೆರಡರಲ್ಲಿ. ಅಂದರೆ ಅಜ್ಜಿ ಸತ್ತಿದ್ದು ಮುತ್ತೈದೆಯಾಗಿ.

ಬರಿಗೈ, ಬರಿಹಣೆ, ಯಾರ ಮದುವೆ ಚಪ್ಪರಕ್ಕೂ ಹೋಗದೆ ಹಿತ್ತಲಲ್ಲಿ ಪಾತ್ರೆ ಬೆಳಗಿದ್ದು — ಎಲ್ಲ ಸುಮ್ಮಸುಮ್ಮನೆ. ಈ ಅಮಾವಾಸ್ಯೆಗೆ ಅಜ್ಜಿಯ ಎಡೆಗೆ ಬಳೆ, ಕುಂಕುಮ ಇಟ್ಟೇ ಇಡುತ್ತೇನೆ. ವನಜಾಳನ್ನೂ ಕೂರಿಸುತ್ತೇನೆ.

13-9-98

ಗುಬ್ಬಿಗೆ ಹೋಗಿದ್ದೆ. ಮನೆಯ ಹಿರಿಯರಿಗೆ ಎಡೆ ಇಡುವುದು ಪುಟ್ಟರಂಗಯ್ಯ ಮಾವನ ಮನೆಯಲ್ಲೇ. ತಾತನ ಅಣ್ಣನ ಮಗ ಅವರು.

"ಮುಂಡೆಯಾಗಿ ಸತ್ತೋಳ್ಗೆ ಬಳೆ ಇಟ್ರೆ ಊರು ನಗಲ್ವಾ? ಮುಗ್ದೋಗಿದ್ದು, ಬುಡು."

"ಮುಗ್ದಿಲ್ಲ ಮಾವ. ನೀವಿಡದಿದ್ರೆ ನಾನಿಡ್ತೀನಿ."

"ಹೆಂಗಿಡ್ತೀಯೋ ನೋಡ್ತೀನಿ."

ನೋಡಲಿ. ಕಾಫಿ ಕುಡಿಯದೇ ಎದ್ದು ಬಂದೆ.

19-9-98, ಸಂಜೆ

ಖುರ್ಷಿದಾ ಬೇಗಂ ಅವರ ಬಳೆ ಅಂಗಡಿಗೆ ವನಜಾ, ನಾನು ಹೊರಟೆವು. ಅಮ್ಮನೂ ಚಪ್ಪಲಿ ಮೆಟ್ಟಿದಳು.

ಹಸಿರು ಗಾಜಿನ ಬಳೆ ಕೇಳಿದೆ. "ಯಾರ್ಗಮ್ಮ? ಅಳತೆ?" ಎಂದರು ಖುರ್ಷಿದಾ. ಸತ್ತವಳ ಕೈ ಅಳತೆ ಏನಂತ ಹೇಳಲಿ?

ಅಮ್ಮ ಕೈ ನೀಡಿದಳು. ಅಪ್ಪ ಹೋದ ಮೇಲೆ ಗಾಜು ಸೋಕದ ಕೈ. "ಅವ್ವಂದೂ ಹಿಂಗೇ ಇತ್ತು. ಹಾಕಿ ನೋಡಿ."

ಖುರ್ಷಿದಾ ಬೆರಳುಗಳನ್ನು ಒತ್ತಿ ಹಿಡಿದು ಒಂದೊಂದೇ ಏರಿಸಿದರು. ಎರಡೂ ಕೈ ತುಂಬಿತು. ತೆಗೆಯಲೇ ಎಂದರು.

"ಇರ್ಲಿ. ಅವ್ವಂಗೆ ಬೇರೆ ಕೊಡಿ." ಆಮೇಲೆ ಮೊದಲ ಸಲ ವನಜಾಳ ಮುಖ ನೋಡಿದಳು. "ನಿಮ್ಮಜ್ಜಿ ಇನ್ನೂ ಬದುಕವ್ಳಾ?"

"ಇಲ್ಲ. ತಾತನಿಗಿಂತ ಮೊದಲೇ ಹೋದ್ರು."

"ಅವಳ್ದೇನು ತಪ್ಪು. ಅವಳ ಎಡೆಗೂ ಇನ್ನೊಂದು ಡಜನ್ ಕೊಡಿ."

ನಾನು ಅಂಗಡಿಯಲ್ಲೇ ಅತ್ತುಬಿಟ್ಟೆ.

20-9-98, ಅಮಾವಾಸ್ಯೆ, ಗುಬ್ಬಿ

ಮಾವನ ಮನೆ ಜಗಲಿ ಮೇಲೆ ಕೂತು ಬರೆಯುತ್ತಿದ್ದೇನೆ. ಬಾಯಿ ಬಿಟ್ಟರೆ ಬೈದುಬಿಡುತ್ತೇನೆ, ಅದಕ್ಕೇ ಪೆನ್ನು ಹಿಡಿದಿದ್ದೇನೆ. ಅಮ್ಮನ ಕೈ ನೋಡಿ ಮಾವ ಬಾಗಿಲಿಗೆ ಅಡ್ಡ ನಿಂತಿದ್ದಾರೆ. ಅಮ್ಮ ಹೊಸ್ತಿಲ ಮುಂದೆ ಕೂತಿದ್ದಾಳೆ, ಪಕ್ಕದಲ್ಲಿ ವನಜಾ.

"ಅಣ್ಣಯ್ಯ, ಅವ್ವನ ಬಳೆ ಒಡೆಸಿದ್ದು ನಿಮ್ಮಪ್ಪ. ನಂದು ನೀನು ಒಡೀ. ತಗೋ." ಎರಡೂ ಕೈ ಹೊಸ್ತಿಲ ಮೇಲಿಟ್ಟಿದ್ದಾಳೆ.

ಅತ್ತೆ ಒಳಗಿನಿಂದ ಏನೋ ಅಂದರು… ಮಾವ ಪಕ್ಕಕ್ಕೆ ಸರಿದರು.

ಅಮ್ಮ ಎದ್ದು ವನಜಾಳನ್ನು ಮುಂದೆ ತಳ್ಳುತ್ತಿದ್ದಾಳೆ. "ನಿಮ್ಮ ತಾತ ಹೆದರಿದ ಹೊಸ್ತಿಲು ಇದೇ ಕಣೇ. ಬಲಗಾಲಿಟ್ಟು ನಡಿ." ನನ್ನನ್ನೂ ಕೂಗುತ್ತಿದ್ದಾಳೆ, ಬಳೆ ನನ್ನ ಬ್ಯಾಗಿನಲ್ಲೇ —