ಏಕವಚನ

೧೨ ಆಗಸ್ಟ್ ೧೯೯೬, ಸೋಮವಾರ. ಹೊಣಕೆರೆ, ನಾಗಮಂಗಲ ತಾಲ್ಲೂಕು.

ಹೊಣಕೆರೆಯಲ್ಲಿ ಮನೆಮನೆ ಸುತ್ತಿ ನಾನು ಸಿದ್ಧಪಡಿಸಿದ ಮಕ್ಕಳ ಆರೋಗ್ಯ ವಿಮೆಯ ಅಂದಾಜು ಇಂದು ಟೈಪಾಗಿ ಬಂದಿತು. ವೆಚ್ಚ ಅರ್ಧಕ್ಕಿಳಿದಿತ್ತು. ‘ಕುಟುಂಬದ ಮಕ್ಕಳಿಗೆ’ ಎಂದಿದ್ದುದು ‘ಕುಟುಂಬದ ಮಗುವಿಗೆ’ ಎಂದಾಗಿತ್ತು. ಬೆರಳಚ್ಚಿನ ದೋಷವೆಂದು ತಿದ್ದಿದೆ. ವಿಮಾ ಯೋಜನೆಯ ಸಮಿತಿಯ ಕಾರ್ಯದರ್ಶಿ ಮಹದೇವಸ್ವಾಮಿ, ಶಾಲೆಯಲ್ಲಿ ನನ್ನ ಶಿಷ್ಯನಾಗಿದ್ದವನು, ನಕ್ಕ.

“ತಪ್ಪಲ್ಲ ಮೇಡಮ್ಮೋರೆ, ನಾನೇ ಅಂಗೆ ಬರ್ಸಿದ್ದು. ಮನೆಗೊಂದು ಮಗು ಅಂದ್ರೇನೇ ಸರ್ಕಾರ ಒಪ್ಪೋದು. ಏಕವಚನ, ಬಹುವಚನ ನೀವೇ ಕಲ್ಸಿದ್ದಲ್ವಾ?”

ಕಲಿಸಿದ್ದು ನಾನೇ, ಇದಕ್ಕೆಂದು ಕಲಿಸಿರಲಿಲ್ಲ. ಅಂದಾಜಿನ ಕೆಳಗಿದ್ದ ನನ್ನ ಹೆಸರನ್ನು ಮಾತ್ರ ಅವನು ಬದಲಿಸಿಲ್ಲ.

ಇಬ್ಬರು ಮಕ್ಕಳಿಗೂ ವಿಮೆ ಖಂಡಿತವೆಂದು ಪಕ್ಕದ ಮನೆಯ ಮಂಚಮ್ಮನಿಗೆ ವಚನವಿತ್ತಿದ್ದೆ. ಸುದ್ದಿ ತಿಳಿದು ಸಂಜೆ ಮಕ್ಕಳೊಡನೆ ಬಂದಳು.

“ಒಬ್ರಿಗೇ ಅಂತೆ ಅಕ್ಕಾವ್ರೆ, ಯಾರ ಹೆಸ್ರು ಬರ್ಸ್ಲಿ? ನೀವೇ ಯೋಳಿ.”

ಇಬ್ಬರೂ ಅವಳ ಸೆರಗು ಹಿಡಿದು ನನ್ನ ಬಾಯಿಯನ್ನೇ ನೋಡುತ್ತಿದ್ದರು.