ಹೀರೋನ ಹಿಂದಿನ ಪಾವಟಿಗಿ

ಇಳಕಲ್
೧೦ ಜೂನ್ ೨೦೦೪

ಪಿಎಸ್ಐ ಸಾಹೇಬರಿಗೆ, ಬಸ್ ಸ್ಟ್ಯಾಂಡ್ ಎದುರಿನ ಸಿಡಿ ಅಂಗಡಿ ದಾವಲಸಾಬನ ಸಲಾಮು.

ನಿನ್ನೆ ನಿಮ್ಮವರು ನನ್ನ ಅಂಗಡ್ಯಾಗಿನ ಸಿಡಿ ಎಲ್ಲಾ ಚೀಲಕ್ಕ ತುಂಬಿಕೊಂಡು ಹೋದರು. ಕಳ್ಳ ಸಿಡಿ ಅನ್ನೂದು ಖರೆ, ನಾ ತಕರಾರು ಮಾಡೂದಿಲ್ಲ. ಕೇಸ್ ಹಾಕ್ರಿ, ಎಲ್ಲಾ ಮುರೀರಿ. ಒಂದು ಮಾತ್ರ ತಿರುಗಿ ಕೊಡ್ರಿ.

ಅದರ ಮ್ಯಾಲೆ 'ಕಂಪ್ಯೂಟರ್ ಕಲಿಯಿರಿ' ಅಂತ ಬರದೈತಿ. ಗಿರಾಕಿ ಮುಟ್ಟಬಾರದಂತ ನಾನ ಬರದದ್ದು. ಒಳಗಿರೂದು ಹಳೇ ಹಿಂದಿ ಸಿನಿಮಾ, ಯಾರೋ ಟಿವಿಯಿಂದ ಇಳಿಸಿದ್ದು. ಅಸಲಿ ಸಿಡಿ ಹುಬ್ಬಳ್ಳಿತನಾ ಹುಡುಕೇನಿ, ಎಲ್ಲೂ ಇಲ್ಲ. ಅದರಾಗ ಬಾದಾಮಿ ಹೊಂಡದ ಮುಂದ ನಿಂತು ಹೀರೋ ಹಾಡತಾನ. ನೀವು ಅವನ್ನ ನೋಡಬ್ಯಾಡ್ರಿ. ಹಿಂದ ನೀರಿಗೆ ಇಳಿಯೂ ಪಾವಟಿಗಿ ಮ್ಯಾಲೆ ಒಬ್ಬಾಕಿ ಅರಿಬಿ ಹಿಂಡತಾಳ, ಒಮ್ಮೆ ತಲಿ ಎತ್ತತಾಳ. ಆಕಿ ನನ್ನ ಹೆಂಡತಿ ಕಾಸಿಂಬಿ, ಲಗ್ನಕ್ಕಿಂತ ಮೊದಲು. ನಮ್ಮ ಮನ್ಯಾಗ ಹೆಣ್ಮಕ್ಕಳ ಫೋಟೋ ತಗಸೂ ಪದ್ಧತಿ ಇರಲಿಲ್ಲ. ಆಕಿ ಹೆರಿಗ್ಯಾಗ ತೀರಿಕೊಂಡಳು.

ಅವತ್ತ ಹುಟ್ಟಿದ ಮಗಳು ಶಮೀಮ ಈಗ ಚೊಚ್ಚಲ ಹೆರಿಗಿಗೆ ಬಂದಾಳ. ಅವ್ವನ ಸಿಡಿ ಹಚ್ಚು ಅಬ್ಬಾ ಅಂತ ಮುಂಜಾನಿಂದ ಕೇಳಾಕತ್ತಾಳ. ಯಾರೋ ಬಾಡಿಗಿಗೆ ಒಯ್ದಾರ, ಸೋಮವಾರ ಬರತೈತಿ ಅಂತ ಹೇಳೇನಿ.

ಇಂತಿ,
ದಾವಲಸಾಬ